ಲಿನಕ್ಸ್ ಮೇಲೆ ವಿಜ್ಞಾನದ ಲೆಕ್ಕ: ಹೊಸಬರಿಗೆ ಹೇಳುವುದು

ಸಂಶೋಧನಾ ವಿದ್ಯಾರ್ಥಿಗಳ ಲೆಕ್ಕಗಳು ಓಡುವ ಲಿನಕ್ಸ್ ಸರ್ವರ್‌ಗಳನ್ನು ನೋಡಿಕೊಳ್ಳುವುದು ನನ್ನ ಕೆಲಸ. ಹೊಸದಾಗಿ ಅಕೌಂಟ್ ಪಡೆದವರಿಗೆ ಇಷ್ಟನ್ನು ಹೇಳಿಯೇ ಕಳಿಸುತ್ತೇನೆ.

1. ಪ್ರೋಗ್ರಾಂ ನಿಧಾನವೆಂದು ದೊಡ್ಡ ಯಂತ್ರ ಕೇಳುವ ಮೊದಲು, ಕೋರ್‌ಗಳ ಬಳಕೆ ತೋರಿಸುವ ಎಚ್‌ಟಾಪ್ ತೆರೆದು ನೋಡಿ. ದೊಡ್ಡ ಮ್ಯಾಟ್ರಿಕ್ಸ್‌ಗಳ ಗುಣಾಕಾರವನ್ನು ಪೈಥಾನ್‌ನ ನಮ್‌ಪೈ ಸಾಮಾನ್ಯವಾಗಿ ಓಪನ್‌ಬ್ಲಾಸ್‌ನಂಥ ಲೈಬ್ರರಿಗೆ ಒಪ್ಪಿಸುತ್ತದೆ. ಅದಕ್ಕೆ ನೀವು ಮಿತಿ ಹಾಕದಿದ್ದರೆ ಕಂಡ ಕೋರ್‌ಗಳನ್ನೆಲ್ಲ ಬಳಸಲು ಹೊರಡುತ್ತದೆ. 8 ಕೋರ್‌ಗಳ ಯಂತ್ರದಲ್ಲಿ ಇಂಥ 4 ಜಾಬ್‌ಗಳನ್ನು ಒಟ್ಟಿಗೆ ಬಿಟ್ಟರೆ 32 ಥ್ರೆಡ್‌ಗಳ ನೂಕುನುಗ್ಗಲು. ಎಲ್ಲ ಕೋರ್‌ಗಳೂ ನೂರು ಪರ್ಸೆಂಟ್ ತೋರಿಸುತ್ತವೆ, ಲೆಕ್ಕ ಮಾತ್ರ ತೆವಳುತ್ತದೆ. ಜಾಬ್ ಶುರು ಮಾಡುವ ಮೊದಲು ಓಎಂಪಿ_ನಮ್_ಥ್ರೆಡ್ಸ್ (OMP_NUM_THREADS) ವೇರಿಯಬಲ್‌ಗೆ 2 ಎಂದು ಕೊಡಿ. ಎಷ್ಟೋ ಸಲ ಇಷ್ಟೇ ಸಾಕಾಗುತ್ತದೆ.

2. ಕೊನೆಯ ಅಂಕಿಗಳು ಬದಲಾದರೆ ಗಾಬರಿಯಾಗಬೇಡಿ, ಹಾಗೆಂದು ಉಡಾಫೆಯೂ ಬೇಡ. ಪೈಥಾನ್‌ನಲ್ಲಿ 0.1ಕ್ಕೆ 0.2 ಕೂಡಿಸಿದರೆ 0.30000000000000004 ಬರುತ್ತದೆ. ಇನ್ನೊಂದು ಮಾಡಿ ನೋಡಿ: 1ರ ಮುಂದೆ 16 ಸೊನ್ನೆಯಿರುವ ದಶಮಾಂಶ ಸಂಖ್ಯೆಗೆ (1e16 ಎಂದು ಬರೆಯಿರಿ) 1 ಕೂಡಿಸಿ, ಅದೇ ಸಂಖ್ಯೆಯನ್ನು ಕಳೆಯಿರಿ. ಉತ್ತರ 0! ಮೊದಲು ಕಳೆದು ಆಮೇಲೆ ಕೂಡಿಸಿದರೆ 1. ಕೂಡಿಸುವ ಕ್ರಮ ಬದಲಾದರೆ ಮೊತ್ತವೂ ಬದಲಾಗಬಹುದು. ಥ್ರೆಡ್‌ಗಳ ಸಂಖ್ಯೆ ಬದಲಾದಾಗ ಆಗುವುದೂ ಇದೇ. ಆದ್ದರಿಂದ ಎಷ್ಟು ವ್ಯತ್ಯಾಸವನ್ನು ಒಪ್ಪುತ್ತೀರಿ ಎಂಬುದನ್ನು ಫಲಿತಾಂಶ ನೋಡುವ ಮೊದಲೇ ಬರೆದಿಡಿ.

3. ಸಿಸ್ಟಂ ಪೈಥಾನ್ ಮುಟ್ಟಬೇಡಿ. ಲಿನಕ್ಸ್‌ನ ಎಷ್ಟೋ ಕೆಲಸಗಳು ಅದನ್ನೇ ನೆಚ್ಚಿಕೊಂಡಿವೆ. ಪ್ರತಿ ಪ್ರಾಜೆಕ್ಟ್‌ಗೂ ಬೇರೆ ಎನ್ವಿರಾನ್ಮೆಂಟ್ ಮಾಡಿ, ಲೈಬ್ರರಿಗಳ ವರ್ಷನ್ ಪಟ್ಟಿಯನ್ನು ಕೋಡ್ ಜೊತೆ ಗಿಟ್‌ಗೆ ಹಾಕಿ. ಪ್ರಬಂಧ ಓದಿದ ವಿಮರ್ಶಕರು ತಿಂಗಳುಗಳ ನಂತರ ಒಂದು ಗ್ರಾಫ್ ಬದಲಿಸಿ ಎಂದಾಗ ಈ ಪಟ್ಟಿಯೇ ಕಾಪಾಡುವುದು.

4. ಹಳೆಯ ಮ್ಯಾಟ್‌ಲ್ಯಾಬ್ ಕೋಡ್ ಇದ್ದರೆ, ಅದಕ್ಕೆ ಬಹುಮಟ್ಟಿಗೆ ಹೊಂದುವ ಉಚಿತ ಆಕ್ಟೇವ್‌ನಲ್ಲಿ ಓಡಿಸಿ ನೋಡಿ. ಮ್ಯಾಟ್‌ಲ್ಯಾಬ್‌ನ ಟೂಲ್‌ಬಾಕ್ಸ್ ಬಳಸಿದ್ದರೆ ತೊಡಕಾಗಬಹುದು.

5. ಬಳಸಿದ ಲೈಬ್ರರಿಗಳನ್ನು ಪ್ರಬಂಧದಲ್ಲಿ ಹೆಸರಿಸಿ. ಅವುಗಳ ಹಿಂದೆ ಎಷ್ಟೋ ಸಲ ನಿಮ್ಮಂಥ ಸಂಶೋಧಕರೇ ಇರುತ್ತಾರೆ: ಗ್ರಾಫ್ ಬಿಡಿಸುವ ಮ್ಯಾಟ್‌ಪ್ಲಾಟ್‌ಲಿಬ್ ಬರೆದ ಜಾನ್ ಹಂಟರ್ ನರವಿಜ್ಞಾನಿಯಾಗಿದ್ದರು. ಮಿದುಳಿನ ವಿದ್ಯುತ್ ಸಂಕೇತಗಳನ್ನು ನೋಡಲು ಅವರಿಗೊಂದು ಸಾಧನ ಬೇಕಿತ್ತು. 2019ರಲ್ಲಿ ಜಗತ್ತು ಕಂಡ ಕಪ್ಪುಕುಳಿಯ ಮೊದಲ ಚಿತ್ರದ ಹಿಂದಿನ ಕೆಲಸದಲ್ಲೂ ಅದೇ ಲೈಬ್ರರಿ ಇತ್ತು. ಇಂಥ ಲೈಬ್ರರಿಯಲ್ಲಿ ದೋಷ ಕಂಡರೆ ಅದನ್ನು ತೋರಿಸುವಷ್ಟೇ ಪುಟ್ಟ ಕೋಡ್, ವರ್ಷನ್ ಸಂಖ್ಯೆ, ಬಂದ ಎರರ್ ಮೆಸೇಜ್ ಪೂರ್ತಿಯಾಗಿ, ಈ ಮೂರನ್ನೂ ಸೇರಿಸಿ ಲೈಬ್ರರಿ ಬರೆದವರಿಗೆ ತಿಳಿಸಿ. ಬಹಳಷ್ಟು ಮಂದಿ ಸಂಬಳವಿಲ್ಲದೆ, ರಾತ್ರಿ ಕೂತು ಅದನ್ನು ಸರಿಮಾಡುವವರು.