ಪಹಣಿಯ ಒಂಬತ್ತನೇ ಕಾಲಂ

ಚನ್ನರಾಯಪಟ್ಟಣ ಹೋಬಳಿ,
ದೇವನಹಳ್ಳಿ ತಾಲ್ಲೂಕು

ಚಿ. ಪುಟ್ಟಿಗೆ ತಾತನ ಆಶೀರ್ವಾದಗಳು.

ಕಾಗದ ಬರೆದು ಎಷ್ಟು ವರ್ಷವಾಯಿತೋ. ಫೋನಿನಲ್ಲೇ ಹೇಳಬಹುದಿತ್ತು. ಆದರೆ ಪಿತೃಪಕ್ಷದಿಂದೀಚೆಗೆ ನಾನು ಫೋನ್ ಮಾಡಿದರೆ ನೀನು ‘ಊಟ ಆಯ್ತಾ ತಾತ, ಮಾತ್ರೆ ತಗೊಂಡ್ರಾ’ ಎನ್ನುತ್ತೀಯ, ನಾನು ‘ಹೂಂ’ ಎನ್ನುತ್ತೇನೆ, ಅಷ್ಟೊತ್ತಿಗೆ ನಿನ್ನ ಶಿಫ್ಟಿಗೆ ಹೊತ್ತಾಗಿರುತ್ತದೆ. ಅದಕ್ಕೆ ಡೇರಿಯ ಹಳೇ ಲೆಡ್ಜರಿನ ಖಾಲಿ ಹಾಳೆ ಹರಿದುಕೊಂಡು ಕೂತಿದ್ದೇನೆ. ಇಪ್ಪತ್ತೆರಡು ವರ್ಷ ಊರವರ ಹಾಲಿನ ಡಿಗ್ರಿ, ಫ್ಯಾಟು ಬರೆದ ಕೈ ಇದು. ಈಗ ಅಕ್ಷರ ಒಡೆದ ಹಾಲಿನ ಹಾಗೆ ಬೀಳುತ್ತದೆ, ಹೊಂದಿಸಿಕೊಂಡು ಓದು.

ಮಹಾಲಯ ಅಮಾವಾಸ್ಯೆಯ ದಿನ ನಮ್ಮಪ್ಪನ ಫೋಟೋ ಮುಂದೆ ಎಡೆಯಿಟ್ಟು, ಹಿರೀಕರು ಉಂಡು ಹೋಗಲಿ ಎಂದು ಬಾಗಿಲು ಎಳೆದುಕೊಂಡು ಎಲ್ಲರೂ ಜಗುಲಿಯಲ್ಲಿ ಕೂತಿದ್ದೆವು. ಮೊದಲು ಬಾಯಿ ಬಿಟ್ಟವನು ನಾನೇ. ‘ಸಾವಿರದ ನೂರ ತೊಂಬತ್ತೆಂಟು ದಿನ ಧರಣಿ ಕೂತು ಭೂಮಿ ಉಳಿಸ್ಕೊಂಡ್ವಿ. ಇವಳು ನೋಡಿದ್ರೆ ಹೋಗಿ ಹಾಸ್ಟೆಲ್‌ನಾಗೆ ಬಿದ್ದವ್ಳೆ’ ಅಂದೆ. ನೀನು ತಲೆಯೆತ್ತದೆ ಮೂರು ಮಾತು ಕೇಳಿದೆ. ನಾನು ನಿಂತು ಕೆಲಸ ಮಾಡೋ ಫ್ಯಾಕ್ಟರಿ ಲೈನೂ ಯಾರೋ ತಾತನ ಹೊಲವೇ ಅಲ್ವಾ? ನಮ್ಮ ಮಕ್ಕಳ ಭವಿಷ್ಯಕ್ಕೆ ಅಂತ ಟೆಂಟಲ್ಲಿ ಭಾಷಣ ಮಾಡ್ತಿದ್ರಲ್ಲ, ಮಕ್ಕಳನ್ನ ಯಾರಾದ್ರೂ ಕೇಳಿದ್ರಾ? ಉಳಿಸಿದ್ದೀನಿ ಅಂತೀರಲ್ಲ, ಆ ಪಹಣೀಲಿ ನನ್ನ ಹೆಸರೆಲ್ಲಿದೆ ತೋರಿಸಿ.

ನಿಮ್ಮಪ್ಪ ಕೈ ಎತ್ತುವುದಕ್ಕೆ ಬಂದ. ನಾನು ‘ಹೆಣ್ಣುಮಗೀಗೆ ಇಷ್ಟು ನಾಲಿಗೆ ಒಳ್ಳೇದಲ್ಲ’ ಅಂದುಬಿಟ್ಟೆ. ನೀನು ಎಡೆಯ ಊಟವನ್ನೂ ಮಾಡದೆ ಬಸ್ಸು ಹತ್ತಿದೆ. ಒಳಗೆ ಹಿರೀಕರು ಉಂಡರೋ ಇಲ್ಲವೋ, ಹೊರಗೆ ಯಾರಿಗೂ ಅನ್ನ ಇಳಿಯಲಿಲ್ಲ.

ಆ ಮೂರು ಪ್ರಶ್ನೆಗೆ ಈಗ ಉತ್ತರ ಬರೆಯುತ್ತಿದ್ದೇನೆ. ತಿಂಗಳುಗಟ್ಟಲೆ ತಡವಾಗಿದೆ. ಸರ್ಕಾರಿ ಕಚೇರಿಗಿಂತ ವಾಸಿ ಅಂದುಕೋ.

ಆ ಟೆಂಟಿನ ಮಾತು ನಿನಗೆ ಹೇಳಬೇಕಾಗಿಲ್ಲ. 2021ರ ಆಗಸ್ಟಿನಲ್ಲಿ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಯವರ ನೋಟಿಸು ಬಂತು. ಏರೋಸ್ಪೇಸ್ ಪಾರ್ಕಿಗೆ ನಮ್ಮ ಹೋಬಳಿಯ 13 ಹಳ್ಳಿ, 1,777 ಎಕರೆ. ಆ ನೋಟಿಸಿನ ಕನ್ನಡ ನಮ್ಮಲ್ಲಿ ಯಾರಿಗೂ ಅರ್ಥವಾಗಲಿಲ್ಲ. 28(1) ಅಂದರೇನು, ಆಕ್ಷೇಪಣೆ ಎಷ್ಟು ದಿನದೊಳಗೆ ಕೊಡಬೇಕು ಎಂದು ಓದಿ ಬಿಡಿಸಿ ಹೇಳಿದ್ದು ನೀನು. ಧರಣಿ ಶುರುವಾದ 2022ರ ಏಪ್ರಿಲ್ 4ಕ್ಕೆ ನಿನ್ನ ಎಸ್‌ಎಸ್‌ಎಲ್‌ಸಿ ಪರೀಕ್ಷೆ ಅರ್ಧ ಮುಗಿದಿತ್ತು. ಪರೀಕ್ಷೆ ಬರೆದು ಯೂನಿಫಾರಂನಲ್ಲೇ ಟೆಂಟಿಗೆ ಬಂದು, ಹಲಗೆಯ ಮೇಲೆ ಅವತ್ತು ಎಷ್ಟನೇ ದಿನ ಎಂದು ಸೀಮೆಸುಣ್ಣದಲ್ಲಿ ಬರೆಯುತ್ತಿದ್ದೆ. 2025ರ ಜೂನ್‌ನಲ್ಲಿ ಮೂರು ಹಳ್ಳಿಯ 495 ಎಕರೆ ಬಿಡುತ್ತೇವೆ ಎಂದರು, ನಾವು ಒಪ್ಪಲಿಲ್ಲ. ದೇವನಹಳ್ಳಿ ಚಲೋ ದಿನ ಪೊಲೀಸರು ವ್ಯಾನಿಗೆ ತುಂಬಿದರು. ಜುಲೈ 15ಕ್ಕೆ ಮುಖ್ಯಮಂತ್ರಿ ಸಿದ್ದರಾಮಯ್ಯನವರು ಸ್ವಾಧೀನ ಪೂರ್ತಿ ಕೈಬಿಟ್ಟಿದ್ದೇವೆ ಎಂದರು. ಜೊತೆಗೇ, ಸ್ವಇಚ್ಛೆಯಿಂದ ಕೊಡುವವರು ಕೊಡಬಹುದು, ಅವರಿಗೆ ಹೆಚ್ಚು ಪರಿಹಾರ ಅಂತಲೂ ಅಂದರು. ನಾವು ಮೊದಲ ಮಾತಿಗೆ ಪಟಾಕಿ ಹೊಡೆದೆವು. ಎರಡನೇ ಮಾತು ಈಗ ಒಂದೊಂದು ಮನೆಯ ಒಳಗೂ ಕೂತಿದೆ.

ಅದೇ ಜುಲೈ ತಿಂಗಳ ಆರಂಭದಲ್ಲಿ ನಂದಿಬೆಟ್ಟದ ಮೇಲೆ ಸಚಿವ ಸಂಪುಟ ಸೇರಿ ನಮ್ಮ ಜಿಲ್ಲೆಗೆ ಬೆಂಗಳೂರು ಉತ್ತರ ಎಂದು ಹೆಸರಿಡಲು ತೀರ್ಮಾನಿಸಿತು. 1986ರಿಂದ ಇದ್ದ ‘ಗ್ರಾಮಾಂತರ’ ಹೋಯಿತು. ಹೊಲ ಬಿಟ್ಟರು, ಗ್ರಾಮ ಕಿತ್ತುಕೊಂಡರು ಎಂದು ನಾನು ತಮಾಷೆ ಮಾಡಿದರೆ ನಿನ್ನ ತಮ್ಮ ನಗಲಿಲ್ಲ. ಅವನಿಗೆ ಆ ಹೆಸರು ಹೋಗಿದ್ದೇ ಸಮಾಧಾನವಂತೆ. 2023ರಲ್ಲಿ ಮಂಡ್ಯ ಕಡೆಯ ರೈತರ ಹುಡುಗರು ಹೆಣ್ಣು ಸಿಗಲಿ ಎಂದು ಮಾದಪ್ಪನ ಬೆಟ್ಟಕ್ಕೆ ಪಾದಯಾತ್ರೆ ಹೋದದ್ದನ್ನು ಮೊಬೈಲಿನಲ್ಲಿ ನೋಡಿದವನು ಅವನು. ಹೊಲವಿದೆ ಅಂದರೆ ಹೆಣ್ಣು ಕೊಡುವುದಿಲ್ಲ, ಹೊಲ ಮಾರಿದ್ದಾರೆ ಅಂದರೆ ಕೊಡುತ್ತಾರೆ. ಈ ಲೆಕ್ಕ ನನ್ನ ಲೆಡ್ಜರಿಗೆ ಹತ್ತುವುದಿಲ್ಲ.

ನಿನ್ನ ಮೊದಲ ಪ್ರಶ್ನೆ. ಹೌದು, ದೊಡ್ಡಗೊಲ್ಲಹಳ್ಳಿ ಹತ್ತಿರ ಫಾಕ್ಸ್‌ಕಾನ್‌ನವರ ಆ 300 ಎಕರೆಯೂ ಹೊಲವೇ ಆಗಿತ್ತು. ವಿಮಾನ ನಿಲ್ದಾಣದ 4,000 ಎಕರೆಯೂ. 2008ರ ಮೇ ತಿಂಗಳಲ್ಲಿ ಮೊದಲ ವಿಮಾನ ತಲೆಯ ಮೇಲೆ ಹೋದಾಗ ನಿನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ತೋರಿಸಿದವನು ನಾನೇ. ಆ ನೆಲದವರು ಎಲ್ಲಿ ಹೋದರೆಂದು ಅವತ್ತು ನಾನು ಕೇಳಲಿಲ್ಲ. ನಮ್ಮ ಸರ್ವೆ ನಂಬರು ಪಟ್ಟಿಗೆ ಬಂದಾಗಲೇ ನನಗೆ ನ್ಯಾಯ ನೆನಪಾದದ್ದು. ಆದರೆ ನೀನು ಆ ಲೈನಿನಲ್ಲಿ ನಿಂತಿರುವುದಕ್ಕೆ ನಾಚಿಕೊಳ್ಳಬೇಕೆಂದು ನನಗೆ ಅನ್ನಿಸಿಲ್ಲ. ಮೊದಲ ಸಂಬಳದಲ್ಲಿ ಅಜ್ಜಿಯ ಕಣ್ಣಿನ ಪೊರೆ ತೆಗೆಸಿದೆ. ಮನೆ ಇಲ್ಲೇ ಬಸ್ಸಿನ ದಾರಿಯಲ್ಲಿರುವಾಗ ಹಾಸ್ಟೆಲ್ ಯಾಕೆ ಎನ್ನುವುದಷ್ಟೇ ನನ್ನ ಕೊರಗಾಗಿತ್ತು. ಆಮೇಲೆ ನಿಮ್ಮಜ್ಜಿ ಹೇಳಿದಳು: ‘ಶಿಫ್ಟು ಮುಗ್ಸಿ ಬಂದವಳಿಗೆ ಇಲ್ಲಿ ಕಸ, ಮುಸುರೆ, ಸಗಣಿ ಕಾದಿರ್ತಿತ್ತು. ಅವಳ ತಮ್ಮನಿಗೆ ಕಾಪಿ ಕಾದಿರ್ತಿತ್ತು.’ ಐವತ್ತು ವರ್ಷ ಜೊತೆಗಿದ್ದವಳು ಇದನ್ನು ನನಗೆ ಯಾಕೆ ಮೊದಲೇ ಹೇಳಲಿಲ್ಲವೋ, ಅಥವಾ ನಾನು ಕೇಳಿಸಿಕೊಳ್ಳಲಿಲ್ಲವೋ.

ಇನ್ನೊಂದು ಸಂಗತಿ ನಿನಗೆ ಗೊತ್ತಿಲ್ಲ. 1984ರಲ್ಲಿ ನಾನೂ ನಮ್ಮಪ್ಪನ ಮೇಲೆ ತಿರುಗಿಬಿದ್ದವನು. ಬಾವಿ ಹೊಲದಲ್ಲಿ ಅಪ್ಪ ಕೂರಿಗೆ ಹಿಡಿದು ರಾಗಿ ಬಿತ್ತುತ್ತಿದ್ದ, ನಡುವೆ ಅಕ್ಕಡಿ ಸಾಲಿಗೆ ಅವರೆ, ಜೋಳ, ಹುಚ್ಚೆಳ್ಳು. ನಾನು ಅದನ್ನು ತೆಗೆದು ಕಲ್ಲುಕಂಬ ನೆಟ್ಟು ನೀಲಿ ದ್ರಾಕ್ಷಿ ಹಾಕುತ್ತೇನೆ, ಬೋರು ಕೊರೆಸುತ್ತೇನೆ ಎಂದೆ. ‘ಹಕ್ಕಿ ತಿನ್ನೋದನ್ನ ಬೆಳೀತೀಯೇನೋ, ಮನುಷ್ಯರು ತಿನ್ನೋದನ್ನ ಬಿಟ್ಟು?’ ಎಂದ ಅಪ್ಪ ಒಂದು ವರ್ಷ ನನ್ನೊಡನೆ ಮಾತು ಬಿಟ್ಟ. ಎದುರಿಗೇ ಕೂತು ಮುದ್ದೆ ಮುರಿಯುತ್ತಾ ‘ನಿನ್ನ ಗಂಡನಿಗೆ ಹೇಳವ್ವ, ಎತ್ತಿಗೆ ನೀರು ತೋರ್ಸ್ಲಿ’ ಎಂದು ನಿಮ್ಮಜ್ಜಿಯ ಕೈಲಿ ಹೇಳಿಸುತ್ತಿದ್ದ. 180 ಅಡಿಗೆ ನೀರು ಬಂತು. ಆ ದ್ರಾಕ್ಷಿಯೇ ನಿಮ್ಮಪ್ಪನ ಡಿಪ್ಲೊಮಾ ಓದಿಸಿದ್ದು, ಈ ಆರ್‌ಸಿಸಿ ಮನೆ ಕಟ್ಟಿಸಿದ್ದು. ಅಪ್ಪ ಸೋತ ಎಂದುಕೊಂಡೆ. ಅದೇ ಹೊಲದಲ್ಲಿ ಆಮೇಲೆ 900 ಅಡಿ, ಅದರ ಮೇಲೆ 1,400 ಅಡಿ ಕೊರೆಸಿದೆ. ಎರಡನೆಯದರಲ್ಲಿ ಬರೀ ಬಿಳೀ ಧೂಳು ಎದ್ದಿತು. ರಿಗ್ಗಿನವರು ಊಟಕ್ಕೆ ಹೋದಾಗ ನಾನೊಬ್ಬನೇ ಆ ಧೂಳಿನ ಗುಡ್ಡೆಯ ಪಕ್ಕ ನಿಂತು ಅಪ್ಪನನ್ನು ನೆನೆದೆ. ಈಗ ಅಲ್ಲಿ ಮತ್ತೆ ರಾಗಿ. ಅಪ್ಪ ಗೆದ್ದ ಎನ್ನಲೂ ಬಾಯಿ ಬರುವುದಿಲ್ಲ, ದ್ರಾಕ್ಷಿ ಹಾಕದಿದ್ದರೆ ನಿಮ್ಮಪ್ಪ ಓದುತ್ತಿರಲಿಲ್ಲ.

ಎರಡನೇ ಪ್ರಶ್ನೆಗೆ ಇಷ್ಟೇ: ಮಕ್ಕಳನ್ನು ಕೇಳಲಿಲ್ಲ. ನಮ್ಮಪ್ಪ ನನ್ನನ್ನು ಕೇಳಲಿಲ್ಲ, ನಾನು ನಿಮ್ಮಪ್ಪನನ್ನು ಕೇಳಲಿಲ್ಲ. ತಪ್ಪೇ.

ಮೂರನೆಯದು ಚುಚ್ಚಿತು. ಹೊಸಕೋಟೆ ಅಜ್ಜಿ, ಅಂದರೆ ನನ್ನ ತಂಗಿ, 2006ರಲ್ಲಿ ಒಂದು ಸಹಿ ಹಾಕಿದಳು. ಆಗ ಲೇಔಟಿನವರು ಊರೂರು ಸುತ್ತುತ್ತಿದ್ದರು. ರಸ್ತೆ ಪಕ್ಕದ ಒಂದೂವರೆ ಎಕರೆ ಮಾರಲು ಹೊರಟೆ. ಹಿಂದಿನ ವರ್ಷ ತಾನೇ ಕಾನೂನು ತಿದ್ದುಪಡಿಯಾಗಿ ಹೆಣ್ಣುಮಕ್ಕಳಿಗೂ ಗಂಡುಮಕ್ಕಳಷ್ಟೇ ಹಕ್ಕು ಬಂದಿತ್ತು. ನಮ್ಮ ರಾಜ್ಯದಲ್ಲಿ ಅದಕ್ಕೂ ಮೊದಲೇ, 1994ರ ಜುಲೈನಿಂದ, ಮದುವೆಯಾಗದ ಹೆಣ್ಣುಮಕ್ಕಳಿಗೆ ಆ ಹಕ್ಕಿತ್ತು. ಕೊಳ್ಳುವವರ ವಕೀಲ ತಂಗಿಯ ಹಕ್ಕು ಖುಲಾಸೆ ಪತ್ರ ಬೇಕೇ ಬೇಕು ಎಂದ. ಗೌರಿ ಹಬ್ಬದ ಬಾಗಿನದ ಜೊತೆ ಆ ಪತ್ರವನ್ನೂ ತೆಗೆದುಕೊಂಡು ಹೋದೆ. ಒಂದು ರೇಷ್ಮೆ ಸೀರೆ, ಐವತ್ತು ಸಾವಿರ. ಅವಳು ಓದಲೂ ಇಲ್ಲ, ‘ಎಲ್ಲಿ ಹಾಕ್ಬೇಕಣ್ಣ’ ಎಂದಳು. ನಾನು ಬೆರಳಿಟ್ಟು ತೋರಿಸಿದೆ. ತವರು ಮನೆಯ ಬಾಗಿಲು ಮುಚ್ಚಬಾರದೆಂದು ಹೆಣ್ಣುಮಕ್ಕಳು ಸಹಿ ಹಾಕುತ್ತಾರೆ ಎಂಬುದು ನನಗೆ ಆಗಲೇ ಗೊತ್ತಿತ್ತು. ಗೊತ್ತಿದ್ದೇ ಹೋಗಿದ್ದೆ. ಹುಟ್ಟಿನಿಂದಲೇ ಬರುವ ಹಕ್ಕು ಅದು, ಅಪ್ಪ ಯಾವಾಗ ತೀರಿಕೊಂಡ ಎನ್ನುವುದು ಲೆಕ್ಕಕ್ಕಿಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟು ಹೇಳಿದಾಗ ಟೀವಿ ಆಫ್ ಮಾಡಿ ದನದ ಕೊಟ್ಟಿಗೆಗೆ ಎದ್ದುಹೋದೆ.

ಟೆಂಟಿನಲ್ಲಿ ಕೂತು, ಒಪ್ಪಿಗೆಯಿಲ್ಲದೆ ನಮ್ಮ ಭೂಮಿ ಕಿತ್ತುಕೊಳ್ಳಲು ಇವರ್ಯಾರು ಎಂದು ಕೂಗುತ್ತಿದ್ದೆನಲ್ಲ, ಆಗ ಒಂದು ದಿನವಾದರೂ ಆ ಬೆರಳು ನೆನಪಾಗಬೇಕಿತ್ತು. ನೀನು ಕೇಳಿದ ಮೇಲೆ ನೆನಪಾಯಿತು.

ಹೋದ ವಾರ ಹೊಸಕೋಟೆಗೆ ಹೋಗಿದ್ದೆ. ಬಾವಿ ಹೊಲದಲ್ಲಿ ನಿನಗೂ ಭಾಗವಿದೆ, ಬರೆದುಕೊಡುತ್ತೇನೆ ಎಂದೆ. ಅವಳು ಅವರೆಕಾಯಿ ಸುಲಿಯುತ್ತಿದ್ದವಳು ಕೈ ನಿಲ್ಲಿಸಲಿಲ್ಲ. ‘ಇಪ್ಪತ್ತು ವರ್ಷ ಆಯ್ತಲ್ಲಣ್ಣ. ಕೊಡೋದಾದ್ರೆ ನನ್ನ ಮಗಳ ಹೆಸರಿಗೆ ಕೊಡು’ ಎಂದಳು. ಬೇಡ ಎನ್ನುತ್ತಾಳೆ ಎಂದುಕೊಂಡು ಹೋಗಿದ್ದ ನನ್ನ ಮುಖ ಅವಳು ನೋಡಿದ್ದರೆ ಚೆನ್ನಾಗಿತ್ತು.

ಈಗ ವಿಷಯಕ್ಕೆ ಬರುತ್ತೇನೆ. ಬಾವಿ ಹೊಲದ ಒಂದು ಎಕರೆ ಹತ್ತು ಗುಂಟೆ ನೋಟಿಸಿನ ಪಟ್ಟಿಯಲ್ಲಿ ಇರಲಿಲ್ಲ, ಆದ್ದರಿಂದ ಅಲ್ಲಿಂದಲೇ ಶುರು. ಮಿಕ್ಕ ಜಮೀನು ಕಾಗದಪತ್ರ ಸರಿಹೋದ ಮೇಲೆ. ಸರ್ವೇಯರು ಬಂದು ಚೈನು ಹಿಡಿದು ಅಳೆದು ಹೋದರು, 11ಇ ನಕ್ಷೆ ಕೈಗೆ ಬಂದಿದೆ. ವಿಭಾಗ ಪತ್ರದಲ್ಲಿ ನಿನಗೆ ಹತ್ತು ಗುಂಟೆ, ಚಕ್ಕೋತದ ಮರ ಇರುವ ಬದಿ. ನಿನ್ನ ತಮ್ಮನಿಗೂ ಹತ್ತೇ. ಅವನಿಗೆ ಎರಡು ಕೊಂಬಿಲ್ಲ. ನಿಮ್ಮಪ್ಪ ಇದನ್ನು ಕೇಳಿ ಮೂರು ದಿನ ಮಾತು ಬಿಟ್ಟ. ನಿಮ್ಮಮ್ಮನ ಕೈಲಿ ‘ನಿಮ್ಮ ಮಾವನಿಗೆ ಹೇಳು’ ಎಂದು ಹೇಳಿಸಿದ. ನನಗೆ ನಗು ತಡೆಯಲಾಗಲಿಲ್ಲ. ನಾಲ್ಕನೇ ದಿನ ತಾನೇ ಬಂದು ಸಹಿ ಹಾಕುತ್ತೇನೆ ಎಂದ.

ಮ್ಯುಟೇಷನ್ ಆದ ಮೇಲೆ ಪಹಣಿಯ 9ನೇ ಕಾಲಂನಲ್ಲಿ ನಿನ್ನ ಹೆಸರು ಬರುತ್ತದೆ. ಆಮೇಲೆ ಅದನ್ನು ಇಟ್ಟುಕೊಳ್ಳುತ್ತೀಯೋ, ಮಾರಿ ಯಲಹಂಕದಲ್ಲಿ ಮನೆ ಮಾಡುತ್ತೀಯೋ, ನಾನು ಕೇಳುವುದಿಲ್ಲ. ಕೇಳುವುದಿಲ್ಲ ಎಂದು ಬರೆಯುವಾಗ ಕೈ ನಡುಗಿದ್ದು ನಿಜ. ಮಾರುವುದಾದರೆ ಮೊದಲು ಊರವರಿಗೆ ಒಂದು ಮಾತು ಹೇಳು, ಅಷ್ಟು ಸಾಕು.

ಬರುವ ಸೋಮವಾರ ನಿನಗೆ ರಜೆ ಎಂದು ಅಜ್ಜಿ ಹೇಳಿದಳು. ಬೆಳಿಗ್ಗೆ ಹತ್ತೂವರೆಗೆ ದೇವನಹಳ್ಳಿ ಸಬ್‌ರಿಜಿಸ್ಟ್ರಾರ್ ಕಚೇರಿಯ ಹತ್ತಿರ ಇರು. ಹೊಸಕೋಟೆ ಅಜ್ಜಿ ಮಗಳೊಡನೆ ಬರುತ್ತಾಳೆ. ಆಧಾರ್ ಕಾರ್ಡು ತರಲು ಮರೆಯಬೇಡ. ಪತ್ರವನ್ನು ಪೂರ್ತಿ ಓದಿ ಸಹಿ ಹಾಕು, ನಾನು ಬೆರಳಿಟ್ಟು ತೋರಿಸುವುದಿಲ್ಲ. ಮಧ್ಯಾಹ್ನ ಊಟಕ್ಕೆ ಮನೆಗೆ ಬಾ. ಹಿತಕಿದ ಬೇಳೆ ಸಾರು ಮಾಡಿಸುತ್ತೇನೆ, ಅವರೆಕಾಳು ಹಿತುಕಲು ನಿನ್ನ ತಮ್ಮನನ್ನು ಕೂರಿಸಿದ್ದೇನೆ.

ಇಂತು,
ನಿನ್ನ ತಾತ