ಸೆಟ್ ಕಟ್ಟಿದವರು, ಪಾತ್ರವನ್ನೂ ಮಾಡಿದರು

ಸಿನಿಮಾದಲ್ಲಿ ಅರಮನೆ ನೋಡ್ತೀವಿ. ಕಂಬ ಕಲ್ಲಿನದೇ ಅನ್ನಿಸ್ತದೆ. ಬೆರಳಿನಿಂದ ತಟ್ಟಿದರೆ ಟೊಳ್ಳು! ಒಳಗೆ ಮರದ ಚೌಕಟ್ಟು, ಪ್ಲೈವುಡ್. ಮೇಲೆ ಪ್ಲಾಸ್ಟರ್, ಬಣ್ಣ. ಇದೇ ಸೆಟ್. ಸೆಟ್ ಹೇಗಿರಬೇಕು ಎಂದು ಯೋಚಿಸುವವರು ಕಲಾ ನಿರ್ದೇಶಕರು.

ಸಾಬು ಸಿರಿಲ್ ಅಂಥವರು. ಮದರಾಸಿನ ಕಲಾ ಕಾಲೇಜಿನಲ್ಲಿ ಕಲಿತರು. 2010ರಲ್ಲಿ ರಜನೀಕಾಂತ್ ನಟಿಸಿದ ತಮಿಳು ಚಿತ್ರ 'ಎಂದಿರನ್' ಬಂತು. ಅದರ ಕಲೆಯ ಕೆಲಸ ಇವರದು. ಅದಕ್ಕೆ ರಾಷ್ಟ್ರಪ್ರಶಸ್ತಿ ಸಿಕ್ಕಿತು. ಅದೇ ಚಿತ್ರದಲ್ಲಿ ಒಂದು ಪಾತ್ರವನ್ನೂ ಮಾಡಿದರು. 2015ರ 'ಬಾಹುಬಲಿ'ಯ ಸೆಟ್ಟುಗಳೂ ಇವರವೇ.

ಆದರೆ ಒಬ್ಬರಿಂದ ಸೆಟ್ ಏಳೋದಿಲ್ಲ. ಬಡಗಿ ಬೇಕು, ಬಣ್ಣ ಹಚ್ಚುವವರು ಬೇಕು. ಅಳತೆಯೆಲ್ಲ ಕಾಗದದ ಮೇಲೆ ಇರ್ತದೆ. ಅಲ್ಲಿ '21 ಅಡಿ' ಅಂತ ಇದೆ. ಬಡಗಿ 12 ಎಂದು ಓದಿ ಕೊಯ್ದರೆ? ಮರ ಹಾಳು, ದಿನ ಹಾಳು, ಕೂಲಿಗೂ ಪೆಟ್ಟು.

ಓದಿರಿ, ಬರೆಯಿರಿ: ಬಡಗಿ, ಬಣ್ಣ, ಅಳತೆ, 12 ಅಡಿ, 21 ಅಡಿ.