ಫ್ರಾಂಕ್‌ಫರ್ಟಿನಿಂದ ಟೊರಾಂಟೊಗೆ ಬಂದ ದನಿ

ಮಗೂ,

ಆಪೆರಾ ಹಾಡುಗಾರನಾಗುತ್ತೇನೆ ಅಂತ ನೀನು ಮನೆಯಲ್ಲಿ ಹೇಳಿದಾಗಿನಿಂದ ನಿಮ್ಮಪ್ಪ ಅಮ್ಮನಿಗೆ ನಿದ್ದೆಯಿಲ್ಲ. ನಿನ್ನ ದನಿ ಈಗಷ್ಟೇ ಒಡೆದು ಗಟ್ಟಿಯಾಗುತ್ತಿದೆ, ಮೇಷ್ಟರು ಅದನ್ನು ಬ್ಯಾರಿಟೋನ್ ಎಂದಿದ್ದಾರೆ. ಎಂದರೆ ತಾರಕ್ಕೇರುವ ಟೆನರ್‌ಗೂ ಮಂದ್ರಕ್ಕಿಳಿಯುವ ಬಾಸ್‌ಗೂ ನಡುವಣ ಗಂಡು ಶಾರೀರ. ಬ್ರ್ಯಾಂಪ್ಟನ್, ಮಿಸ್ಸಿಸಾಗಾ, ಮಿಲ್ಟನ್‌ಗಳ ಕನ್ನಡ ಮನೆಗಳಲ್ಲಿ ಇಂಥ ಆಸೆಯಿರುವ ಬೇರೆ ಮಕ್ಕಳೂ ಇದ್ದಾರು. ಅದಕ್ಕೇ ಈ ಕಾಗದವನ್ನು ಪತ್ರಿಕೆಗೆ ಕೊಟ್ಟಿದ್ದೇನೆ. ಇದರಲ್ಲಿರುವುದು ಮುಖ್ಯವಾಗಿ ಒಬ್ಬ ಅಪ್ಪ, ಒಬ್ಬ ಮಗನ ಕತೆ.

ಅಪ್ಪ ವಿಕ್ಟರ್ ಬ್ರೌನ್. ಹುಟ್ಟಿದ್ದು 1935ರಲ್ಲಿ, ನಮ್ಮ ಒಂಟಾರಿಯೊದ ವಿಂಡ್ಸರಿನಲ್ಲಿ. ಒಳ್ಳೆಯ ಬ್ಯಾರಿಟೋನ್. ಆದರೆ ಆ ಕಾಲದ ಟೊರಾಂಟೊದಲ್ಲಿ ಆಪೆರಾ ಎಂದರೆ ವರ್ಷಕ್ಕೆ ಕೆಲವೇ ವಾರಗಳ ಮಾತು. ಸಂಸಾರ ಹೂಡಬೇಕಾದ ಗಾಯಕನಿಗೆ ಅಷ್ಟು ಸಾಲದು. ಜರ್ಮನಿಯಲ್ಲಿ ಹಾಗಲ್ಲ. ಅಲ್ಲಿ ಊರೂರಿಗೆ ಸರ್ಕಾರದ ಹಣದಲ್ಲಿ ನಡೆಯುವ ಆಪೆರಾ ಮನೆಗಳಿವೆ. ಗಾಯಕನನ್ನು ತಿಂಗಳ ಸಂಬಳಕ್ಕೆ ಇಟ್ಟುಕೊಳ್ಳುತ್ತವೆ. ಅರವತ್ತರ ದಶಕದ ಮೊದಲ ವರ್ಷಗಳಲ್ಲಿ ವಿಕ್ಟರ್ ಫ್ರಾಂಕ್‌ಫರ್ಟಿನ ಆಪೆರಾ ಸೇರಿದರು. 1969ರಲ್ಲಿ ಲಂಡನ್ನಿನ ಕಾವೆಂಟ್ ಗಾರ್ಡನ್‌ನಲ್ಲಿ ಹಂಫ್ರಿ ಸರ್ಲ್ ಬರೆದ ಆಪೆರಾದಲ್ಲಿ ಹ್ಯಾಮ್ಲೆಟ್ ಆದರು. ಜಾರ್ಜ್ ಸೋಲ್ಟಿ ವಿಯೆನ್ನಾ ಫಿಲ್ಹಾರ್ಮೋನಿಕ್ ಜತೆ ಧ್ವನಿಮುದ್ರಿಸಿದ ವಾಗ್ನರ್‌ನ ‘ಟಾನ್‌ಹೋಯ್ಸರ್’ನಲ್ಲಿ ವೋಲ್ಫ್ರಾಮ್ ಪಾತ್ರ ಅವರದೇ. ಅದನ್ನು ಹುಡುಕಿ ಕೇಳು. ಸಂಜೆಯ ಚುಕ್ಕಿಯನ್ನು ಕುರಿತ ಹಾಡು ಬರುವಾಗ ಹಿಂದೆ ಹಾರ್ಪ್ ಮೀಟುತ್ತಿರುತ್ತದೆ. ದನಿ ಎಲ್ಲೂ ಅವಸರಪಡುವುದಿಲ್ಲ. ಬ್ಯಾರಿಟೋನ್ ಎಂದರೆ ಗುಡುಗು ಎಂದುಕೊಂಡವರು ಈ ಒಂದು ಹಾಡು ಕೇಳಿ ತಿದ್ದಿಕೊಳ್ಳಬೇಕು.

ಮಗ ರಸೆಲ್ ಬ್ರೌನ್ ಹುಟ್ಟಿದ್ದು 1965ರಲ್ಲಿ, ಫ್ರಾಂಕ್‌ಫರ್ಟಿನಲ್ಲೇ. ಅಪ್ಪ ಕೆಲಸ ಹುಡುಕಿಕೊಂಡು ಅತ್ತ ಹೋದರೆ, ಮಗ ಓದು ಹುಡುಕಿಕೊಂಡು ಇತ್ತ ಬಂದರು. ಟೊರಾಂಟೊ ವಿಶ್ವವಿದ್ಯಾಲಯದಲ್ಲಿ ಕಲಿತು, ಈ ದೇಶದವರಾಗಿಯೇ ಜಗತ್ತಿನ ರಂಗಗಳಿಗೆ ಹೋದರು. ಅವರ ಪರಿಚಯ ಬರೆದವರೆಲ್ಲ ಅವರ ಊರನ್ನು ಜಾರ್ಜ್‌ಟೌನ್ ಎಂದೇ ಹೇಳುತ್ತ ಬಂದಿದ್ದಾರೆ. ನೀವಿರುವ ಬ್ರ್ಯಾಂಪ್ಟನ್ನಿನಿಂದ ಗೋ ರೈಲಿನಲ್ಲಿ ಮೌಂಟ್ ಪ್ಲೆಸೆಂಟ್ ದಾಟಿದರೆ ಸಿಗುವ ಊರು. ಪಿಯಾನೊ ನುಡಿಸುವ ಕ್ಯಾರೊಲಿನ್ ಮಾಲ್ ಅವರ ಹೆಂಡತಿ, ಕಚೇರಿಗಳಲ್ಲಿ ಜೊತೆಗಾರ್ತಿ ಕೂಡ. ಜರ್ಮನಿಯಲ್ಲಿದ್ದರೇನೇ ಆಪೆರಾ ಹಾಡಲು ಸಾಧ್ಯ ಎಂಬ ಮಾತು ನಿಮ್ಮ ಮನೆಯಲ್ಲಿ ಬಂದರೆ, ಈ ಸಂಸಾರವನ್ನು ತೋರಿಸು.

ಟೊರಾಂಟೊದ ಆಪೆರಾವನ್ನು ಕಟ್ಟಿದವರಲ್ಲೂ ಫ್ರಾಂಕ್‌ಫರ್ಟಿನವರೊಬ್ಬರಿದ್ದಾರೆ. 1907ರಲ್ಲಿ ಅಲ್ಲಿ ಹುಟ್ಟಿದ ನಿರ್ದೇಶಕ ಹರ್ಮನ್ ಗೈಗರ್-ಟೊರೆಲ್ 1948ರಲ್ಲಿ ಇಲ್ಲಿಗೆ ಬಂದು, ರಾಯಲ್ ಕನ್ಸರ್ವೇಟರಿಯ ಆಪೆರಾ ಶಾಲೆಯಲ್ಲಿ ಪಾಠ ಹೇಳಿ, ಮುಂದೆ ಕೆನಡಿಯನ್ ಆಪೆರಾ ಕಂಪನಿಯನ್ನು ವರ್ಷಗಟ್ಟಲೆ ನಡೆಸಿದರು. ವಲಸೆ ಬಂದವರು ಬೆಳೆಸಿದ ಕಲೆ ಇದು. ನಿನ್ನನ್ನು ಹೊರಗಿನವನೆಂದು ನೋಡುವ ಹಕ್ಕು ಇಲ್ಲಿ ಯಾರಿಗೂ ಇಲ್ಲ.

ಇನ್ನು ಶಾರೀರದ ಮಾತು. ಡೌನ್‌ಟೌನಿನ ಆಪೆರಾ ಮನೆ ಫೋರ್ ಸೀಸನ್ಸ್ ಸೆಂಟರಿನಲ್ಲಿ ಎರಡು ಸಾವಿರಕ್ಕೂ ಹೆಚ್ಚು ಜನ ಕೂರುತ್ತಾರೆ. ಕೆಳಗೆ ಇಡೀ ವಾದ್ಯವೃಂದ. ಹಾಡುವವನಿಗೆ ಮೈಕಿಲ್ಲ. ಮೈಕು ಬರುವ ಮೊದಲು ಚಂಡೆ ಮದ್ದಲೆಗಳ ನಡುವೆ ರಾತ್ರಿಯಿಡೀ ಬಯಲಿಗೆಲ್ಲ ಕೇಳುವಂತೆ ಹಾಡುತ್ತಿದ್ದ ಯಕ್ಷಗಾನದ ಭಾಗವತರನ್ನು ನೆನೆದರೆ ನಿಮ್ಮಜ್ಜನಿಗೆ ಇದು ಥಟ್ಟನೆ ಅರ್ಥವಾದೀತು. ಆಪೆರಾ ಗಾಯಕ ಕೂಗಿ ಗೆಲ್ಲುವುದಿಲ್ಲ. ವಾದ್ಯವೃಂದದ ನಾದ ಹೆಚ್ಚು ದಟ್ಟವಾಗಿರುವುದು 500 ಹರ್ಟ್ಸ್ ಆಸುಪಾಸಿನಲ್ಲಿ. ಪಳಗಿದ ಗಂಡು ದನಿಯಲ್ಲಿ 3000 ಹರ್ಟ್ಸ್ ಸುಮಾರಿಗೆ ಇನ್ನೊಂದು ಹೊಳಪು ಹುಟ್ಟುತ್ತದೆ. ಅಲ್ಲಿ ವಾದ್ಯಗಳ ಬಲ ಕಡಿಮೆ, ದನಿ ಆ ಸಂದಿಯಿಂದ ಹಾದುಬರುತ್ತದೆ. ಆ ಹೊಳಪು ಬರುವುದಕ್ಕೆ ಗಂಟಲನ್ನು ಸಡಿಲ ಬಿಟ್ಟು, ಉಸಿರನ್ನು ಹಿಡಿತದಲ್ಲಿಟ್ಟು ವರ್ಷಗಟ್ಟಲೆ ಸಾಧನೆ ಮಾಡಬೇಕು. ಬ್ಯಾರಿಟೋನ್ ದನಿ ಮಾಗುವುದೇ ಇಪ್ಪತ್ತೈದು ಮೂವತ್ತು ದಾಟಿದ ಮೇಲೆ. ಈ ವಯಸ್ಸಿಗೇ ವಾಗ್ನರ್ ಹಾಡಲು ಹೊರಟರೆ ಗಂಟಲು ಕೆಡುತ್ತದೆ. ಯಾರು ಎಷ್ಟೇ ಹುರಿದುಂಬಿಸಲಿ, ಬೇಡ ಎನ್ನು.

ರಸೆಲ್ ಬ್ರೌನ್ ಯಾವ ವಯಸ್ಸಿನಲ್ಲಿ ಏನು ಹಾಡಿದರು ಎಂಬುದನ್ನೇ ಒಂದು ಪಾಠದಂತೆ ಓದಬಹುದು. ಹೆಸರು ತಂದ ಪಾತ್ರಗಳು ಬಿಲ್ಲಿ ಬಡ್, ಪೆಲೆಯಾಸ್: ಹಗುರವಾದ, ಮೇಲಿನ ಸ್ವರಗಳಿಗೆ ಸಲೀಸಾಗಿ ಏರುವ ಎಳೆಯರ ಪಾತ್ರಗಳು. ನ್ಯೂಯಾರ್ಕಿನ ಮೆಟ್ರೊಪಾಲಿಟನ್ 2011ರಲ್ಲಿ ಮೊದಲ ಸಲ ‘ನಿಕ್ಸನ್ ಇನ್ ಚೈನಾ’ ಆಡಿದಾಗ ಚೀನಾದ ಪ್ರಧಾನಿ ಚೌ ಎನ್‌ಲಾಯ್ ಆಗಿದ್ದವರು ಇವರು. ವಾದ್ಯವೃಂದ ನಡೆಸಿದವರು ಸ್ವತಃ ಅದನ್ನು ರಚಿಸಿದ ಜಾನ್ ಆಡಮ್ಸ್. ಆ ಆಪೆರಾದ ಕೊನೆಯ ಮಾತು ಅಧ್ಯಕ್ಷ ನಿಕ್ಸನ್‌ನದೂ ಅಲ್ಲ, ಮಾವೊದೂ ಅಲ್ಲ. ನಿದ್ದೆ ಬಾರದೆ ತನ್ನ ಬದುಕನ್ನೇ ತೂಗಿನೋಡುವ ಚೌನದು. ಡಾನ್ ಜೊವಾನ್ನಿಯಾಗಿ ಟೊರಾಂಟೊದಲ್ಲಿ ನಿಂತದ್ದು 2015ರಲ್ಲಿ. 2019ರ ‘ಕೊಸಿ ಫಾನ್ ತುತ್ತೆ’ಯಲ್ಲಿ ಎಳೆಯರನ್ನು ಆಡಿಸುವ ಮುದಿ ತತ್ವಜ್ಞಾನಿ ಡಾನ್ ಅಲ್ಫೊನ್ಸೊ. ದನಿಗೆ ವಯಸ್ಸಾದ ಹಾಗೆ ಪಾತ್ರಕ್ಕೂ ವಯಸ್ಸಾಗಿದೆ. ನಮ್ಮಲ್ಲೂ ಮಲ್ಲಿಕಾರ್ಜುನ ಮನ್ಸೂರರು ಗ್ರಾಮಫೋನ್ ತಟ್ಟೆಗಳಿಂದ ಹೆಸರಾದ ಮೇಲೆ ಮಂಜಿ ಖಾನರ ಮುಂದೆ ಶಿಷ್ಯರಾಗಿ ಕೂತರಲ್ಲ, ಆ ತಾಳ್ಮೆ ನಿನಗೆ ಬೇಕು.

ಸಾಹಿತ್ಯದ ಬಗ್ಗೆ ಉದಾಸೀನ ಬೇಡ. ಜರ್ಮನಿಯ ಬ್ಯಾರಿಟೋನ್‌ಗಳಲ್ಲಿ ಹಿರಿಯನೆಂದು ನಾನು ಎಣಿಸುವ ಡೀಟ್ರಿಚ್ ಫಿಷರ್-ಡೀಸ್ಕೌ 1943ರ ಜನವರಿಯಲ್ಲಿ, ಹದಿನೇಳರ ಹುಡುಗ, ಬರ್ಲಿನ್ನಿನ ಒಂದು ಸಭಾಂಗಣದಲ್ಲಿ ಷೂಬರ್ಟನ ‘ವಿಂಟರ್‌ರೈಸ’ ಹಾಡುತ್ತಿದ್ದಾಗ ವಿಮಾನದಾಳಿಯಾಯಿತು. ಕೇಳುಗರೂ ಗಾಯಕನೂ ನೆಲಮಾಳಿಗೆಗೆ ಇಳಿದರು. ದಾಳಿ ಮುಗಿದ ಮೇಲೆ ಮೇಲೆ ಬಂದು, ಬಿಟ್ಟಲ್ಲಿಂದ ಹಾಡು ಮುಂದುವರಿಯಿತು. ಆಮೇಲೆ ಸೈನ್ಯ, ಇಟಲಿಯಲ್ಲಿ ಸೆರೆ. ಆಪೆರಾ ರಂಗವೇರಿದ್ದು 1948ರಲ್ಲಿ. ಅವರ ಹಾಡಿನಲ್ಲಿ ಒಂದು ವ್ಯಂಜನವೂ ಮಸುಕಾಗುವುದಿಲ್ಲ. ನೀನು ಜರ್ಮನ್ ಕಲಿಯಬೇಕು, ಉಚ್ಚಾರವಷ್ಟೇ ಸಾಲದು, ಆ ಭಾಷೆಯಲ್ಲಿ ಜಗಳವಾಡುವಷ್ಟು ಬರಬೇಕು. ಇಟಾಲಿಯನ್, ಫ್ರೆಂಚ್ ಸಹ. ಮಹಾಪ್ರಾಣ, ಮೂರ್ಧನ್ಯಗಳನ್ನು ಬಿಡಿಬಿಡಿಯಾಗಿ ನುಡಿಯುವ ಕನ್ನಡದ ನಾಲಿಗೆ ಇದಕ್ಕೆಲ್ಲ ಒಳ್ಳೆಯ ತಳಹದಿ. ಮನೆಯಲ್ಲಿ ಅದನ್ನು ಬಿಡಬೇಡ.

ಇನ್ನೊಂದು ಸಂಗತಿ ಹೇಳಲೇಬೇಕು. ಕೆನಡಾದ ನೂರನೇ ವರ್ಷಕ್ಕೆ, 1967ರಲ್ಲಿ, ಹ್ಯಾರಿ ಸೋಮರ್ಸ್ ‘ಲೂಯಿ ರಿಯಲ್’ ಆಪೆರಾ ಬರೆದರು. ಮೇಟಿ ಜನರ ಮುಂದಾಳು ರಿಯಲ್‌ನನ್ನು ಸರ್ಕಾರ 1885ರಲ್ಲಿ ನೇಣಿಗೇರಿಸಿತ್ತು. ನೂರೈವತ್ತನೇ ವರ್ಷಕ್ಕೆ, 2017ರಲ್ಲಿ, ಕೆನಡಿಯನ್ ಆಪೆರಾ ಕಂಪನಿ ಅದನ್ನು ಮತ್ತೆ ಆಡಿತು. ಪೀಟರ್ ಹಿಂಟನ್ ನಿರ್ದೇಶನ, ರಿಯಲ್ ಆಗಿ ರಸೆಲ್ ಬ್ರೌನ್. ಆಗ ಒಂದು ಪ್ರಶ್ನೆ ಎದ್ದಿತು. ಮೂರನೇ ಅಂಕದ ‘ಕುಯಾಸ್’ ಹಾಡಿಗೆ ಸೋಮರ್ಸ್ ಬಳಸಿದ್ದು ಮೂಲನಿವಾಸಿ ನಿಸ್ಗಾ ಜನರ ಶೋಕಗೀತೆಯ ಧಾಟಿ. ಆ ಜನರಲ್ಲಿ ಅಂಥ ಹಾಡನ್ನು ಹಕ್ಕಿರುವವರು ಮಾತ್ರ, ಅದರದೇ ಸಂದರ್ಭದಲ್ಲಿ ಹಾಡಬೇಕು. ಅವರನ್ನು ಯಾರೂ ಕೇಳಿರಲಿಲ್ಲ. ಕಡೆಗೆ ಮೇಟಿ ಸಂಗೀತಗಾರ ಇಯನ್ ಕಸನ್ ಆ ಜಾಗಕ್ಕೆ ಹೊಸ ಹಾಡು ಬರೆದುಕೊಟ್ಟರು. ಇದು ಸರಿಯಾದ ಕೆಲಸವೆಂದೇ ನನ್ನ ತೀರ್ಮಾನ. ನಾಳೆ ನೀನು ಯಾರ ಹಾಡನ್ನು ಎತ್ತಿಕೊಂಡರೂ ಅದು ಯಾರದು, ಅವರ ಒಪ್ಪಿಗೆ ಕೇಳಿದ್ದೇವೆಯೇ ಎಂದು ವಿಚಾರಿಸು.

ಹಣದ ವಿಷಯ ಮುಚ್ಚಿಡುವುದಿಲ್ಲ: ಇದು ಕಷ್ಟದ ಕಸುಬು. ಹಾಡಿ ಬದುಕುವವರಿಗಿಂತ, ಪಾಠ ಹೇಳುತ್ತ ನಡುನಡುವೆ ಹಾಡುವವರೇ ಹೆಚ್ಚು. ಹಾಗೆಂದು ದಾರಿಯೇ ಇಲ್ಲವೆಂದಲ್ಲ. ಟೊರಾಂಟೊ ವಿಶ್ವವಿದ್ಯಾಲಯದಲ್ಲೂ, ರಾಯಲ್ ಕನ್ಸರ್ವೇಟರಿಯ ಗ್ಲೆನ್ ಗೂಲ್ಡ್ ಶಾಲೆಯಲ್ಲೂ ಗಾಯನದ ಓದಿದೆ. ಅದು ಮುಗಿದವರಿಗೆ ಕೆನಡಿಯನ್ ಆಪೆರಾ ಕಂಪನಿಯ ಎನ್‌ಸೆಂಬಲ್ ಸ್ಟುಡಿಯೊ ಇದೆ, 1980ರಿಂದ. ಬೆನ್ ಹೆಪ್ನರ್‌ರಂಥ ಟೆನರ್ ಬಂದದ್ದು ಅಲ್ಲಿಂದಲೇ.

ಫೋರ್ ಸೀಸನ್ಸ್ ಸೆಂಟರಿನ ಗಾಜಿನ ಗೋಡೆಯ ಪಡಸಾಲೆಯಲ್ಲಿ, ರಿಚರ್ಡ್ ಬ್ರಾಡ್‌ಶಾ ಹೆಸರಿನ ಮೆಟ್ಟಿಲುಸಾಲಿನಲ್ಲಿ, ಮಧ್ಯಾಹ್ನದ ಉಚಿತ ಕಚೇರಿಗಳು ನಡೆಯುತ್ತವೆ. ಮುಂದಿನ ಸಲ ಯಾವಾಗ ಎಂದು ನೋಡಿಕೊಂಡು ಅಪ್ಪ ಅಮ್ಮ ಇಬ್ಬರನ್ನೂ ಕರೆದುಕೊಂಡು ಹೋಗು. ಎನ್‌ಸೆಂಬಲ್ ಸ್ಟುಡಿಯೊದ ಹುಡುಗ ಹುಡುಗಿಯರು ಹಾಡುವ ದಿನವಾದರೆ ಇನ್ನೂ ಒಳ್ಳೆಯದು. ಅಪ್ಪ ಅಮ್ಮ ಹತ್ತಿರದಿಂದ ಕೇಳಲಿ, ಆಮೇಲೆ ನಿಮ್ಮ ಮನೆಯ ಮಾತುಕತೆ ನಡೆಯಲಿ. ಜರ್ಮನ್ ತರಗತಿಗೆ ಈ ತಿಂಗಳೇ ಸೇರಿಕೋ.

ಇಂತಿ,
ನಿನ್ನ ದೊಡ್ಡಪ್ಪ